ನಲವತ್ತೆರಡರ ತೋಳು

2020ರ ಸೆಪ್ಟೆಂಬರ್ ಕೊನೆಯಲ್ಲಿ ಬಲ ಮೊಣಕೈಯ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡಾಗ ಜಸ್ಟಿನ್ ವರ್ಲ್ಯಾಂಡರ್‌ಗೆ 37 ವರ್ಷ. ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ ಆ ವಯಸ್ಸಿನ ಪಿಚರ್‌ನ (ಚೆಂಡೆಸೆಯುವವನ) ಮೊಣಕೈ ಹರಿಯಿತೆಂದರೆ ಆಟ ಮುಗಿಯಿತೆಂದೇ ಹೆಚ್ಚಿನವರು ಭಾವಿಸುತ್ತಾರೆ. 2021ರ ಇಡೀ ಋತುವಿನಲ್ಲಿ ಅವರು ಒಂದು ಎಸೆತವನ್ನೂ ಎಸೆಯಲಿಲ್ಲ. 2022ರಲ್ಲಿ ಹ್ಯೂಸ್ಟನ್ ಆಸ್ಟ್ರೋಸ್ ತಂಡಕ್ಕೆ ಮರಳಿದವರು 18 ಪಂದ್ಯ ಗೆದ್ದು ನಾಲ್ಕರಲ್ಲಷ್ಟೇ ಸೋತರು. ಒಂಬತ್ತು ಇನಿಂಗ್ಸ್‌ಗೆ, ಅಂದರೆ ಒಂದು ಪೂರ್ತಿ ಪಂದ್ಯಕ್ಕೆ, ಅವರು ಬಿಟ್ಟುಕೊಟ್ಟ ರನ್ ಸರಾಸರಿ 1.75. ವರ್ಷದ ಶ್ರೇಷ್ಠ ಪಿಚರ್‌ಗೆ ಕೊಡುವ ಸೈ ಯಂಗ್ ಪ್ರಶಸ್ತಿಯನ್ನು ಮೊದಲ ಸ್ಥಾನದ ಒಂದು ಮತವೂ ಬೇರೆಯವರಿಗೆ ಹೋಗದಂತೆ ಗೆದ್ದರು. ಆಗ ಅವರಿಗೆ 39.

ಇದನ್ನು ಪವಾಡ ಅಂದುಬಿಡುವುದು ಸುಲಭ. ಛಲಕ್ಕೆ ಸಿಕ್ಕ ಫಲ ಅನ್ನುವವರೂ ಇದ್ದಾರೆ. ಆದರೆ ಆ ತೋಳಿನೊಳಗೆ ಏನು ನಡೆಯಿತು ಎಂದು ನೋಡುತ್ತ ಹೋದರೆ ಕಾಣುವ ಕಥೆ ಬೇರೆ, ಮತ್ತು ನನ್ನ ಮಟ್ಟಿಗೆ ಹೆಚ್ಚು ಸ್ವಾರಸ್ಯದ್ದು.

ಮೊದಲು ಎಸೆತದ ವಿಷಯ. ಪಿಚರ್ ನಿಲ್ಲುವ ಜಾಗದಿಂದ ಬ್ಯಾಟರ್‌ನ ಮುಂದಿರುವ ತಟ್ಟೆಗೆ 18.44 ಮೀಟರ್. ಚೆಂಡಿನ ತೂಕ ಸುಮಾರು 145 ಗ್ರಾಂ, ನಮ್ಮ ಕ್ರಿಕೆಟ್ ಚೆಂಡಿಗಿಂತ ಕೊಂಚ ಹಗುರ. ಗಂಟೆಗೆ 95 ಮೈಲಿ, ಅಂದರೆ ಸುಮಾರು 153 ಕಿಲೋಮೀಟರ್ ವೇಗದಲ್ಲಿ ಹೊರಟ ಚೆಂಡು ಅರ್ಧ ಸೆಕೆಂಡ್ ಕೂಡ ತೆಗೆದುಕೊಳ್ಳದೆ ಬ್ಯಾಟರ್‌ನನ್ನು ಮುಟ್ಟುತ್ತದೆ. ಓಡಿ ಬರುವ ಅವಕಾಶ ಪಿಚರ್‌ಗಿಲ್ಲ. ಅಷ್ಟೂ ವೇಗ ನಿಂತಲ್ಲಿಂದಲೇ ಹುಟ್ಟಬೇಕು. ಹಿಂಗಾಲು ನೆಲವನ್ನು ಒತ್ತುತ್ತದೆ, ಸೊಂಟ ತಿರುಗುತ್ತದೆ, ಅದರ ಬೆನ್ನಿಗೆ ಎದೆ, ಆಮೇಲೆ ಭುಜ, ಕೊನೆಗೆ ಮುಂಗೈ. ಚೆಂಡಿಗೆ ಸಿಗುವ ಶಕ್ತಿಯಲ್ಲಿ ಸುಮಾರು ಅರ್ಧದಷ್ಟು ಕಾಲು, ಸೊಂಟ ಮತ್ತು ಮುಂಡದಿಂದಲೇ ಬರುತ್ತದೆ. ಈ ಸರಪಳಿಯ ಕೊನೆಯ ಹಂತದಲ್ಲಿ ಮೇಲ್ದೋಳು ತನ್ನ ಅಕ್ಷದ ಸುತ್ತ ಸೆಕೆಂಡಿಗೆ 7000 ಡಿಗ್ರಿಯ ಆಸುಪಾಸಿನ ವೇಗದಲ್ಲಿ ತಿರುಗುತ್ತದೆ. ಮನುಷ್ಯ ದೇಹದಲ್ಲಿ ಅಳೆದಿರುವ ಅತಿ ವೇಗದ ಚಲನೆಗಳಲ್ಲಿ ಇದೂ ಒಂದು.

ಆ ತಿರುವಿಗೆ ಸ್ವಲ್ಪ ಮುಂಚೆ, ಮುಂಗೈ ಹಿಂದಕ್ಕೆ ಬಾಗಿ ಅಂಗೈ ಆಕಾಶ ನೋಡುವ ಕ್ಷಣ ಒಂದಿದೆ. ಮೊಣಕೈ ಹರಿಯುವುದು ಸಾಮಾನ್ಯವಾಗಿ ಆಗಲೇ. ಮೊಣಕೈಯ ಒಳಬದಿಯಲ್ಲಿ, ಮೇಲ್ದೋಳಿನ ಮೂಳೆಯನ್ನೂ ಮುಂಗೈಯ ಅಲ್ನಾ ಮೂಳೆಯನ್ನೂ ಬಿಗಿಯುವ ಒಂದು ಲಿಗಮೆಂಟ್ ಇದೆ. ಚಿಕ್ಕದೊಂದು ಪಟ್ಟಿ ಅಷ್ಟೆ. ಎಸೆತದ ಹೊತ್ತಿಗೆ ಮೊಣಕೈಯನ್ನು ಪಕ್ಕಕ್ಕೆ ತೆರೆಯಲು ನೋಡುವ ತಿರುಚುಬಲ ವೃತ್ತಿಪರರಲ್ಲಿ 64 ನ್ಯೂಟನ್ ಮೀಟರ್‌ನಷ್ಟಿರುತ್ತದೆ. ತೋಳನ್ನು ಚಾಚಿ, ಮೊಣಕೈಯಿಂದ ಒಂದಡಿ ಆಚೆ ಮಣಿಕಟ್ಟಿಗೆ 22 ಕಿಲೋ ಅಕ್ಕಿಮೂಟೆ ನೇತುಹಾಕಿದರೆ ಮೊಣಕೈ ಮೇಲೆ ಬೀಳುವ ಹೊರೆ ಹೆಚ್ಚುಕಡಿಮೆ ಇಷ್ಟೇ. ಆದರೆ ಶವಗಳ ಮೊಣಕೈಗಳಲ್ಲಿ ಪರೀಕ್ಷಿಸಿದಾಗ ಆ ಲಿಗಮೆಂಟ್ 32ರಿಂದ 34 ನ್ಯೂಟನ್ ಮೀಟರ್‌ಗೇ ಹರಿದುಹೋಗಿದೆ. ಹಾಗಾದರೆ ಪ್ರತಿ ಎಸೆತಕ್ಕೂ ಪಿಚರ್‌ನ ಕೈ ಯಾಕೆ ಹರಿಯುವುದಿಲ್ಲ? ಮೊಣಕೈಯಿಂದ ಬೆರಳುಗಳ ಕಡೆಗೆ ಹೋಗುವ ಮುಂಗೈ ಸ್ನಾಯುಗಳು ಅದೇ ಕ್ಷಣಕ್ಕೆ ಸರಿಯಾಗಿ ಬಿಗಿದುಕೊಂಡು ಭಾರದ ಪಾಲು ಹೊರುತ್ತವೆ, ಮೂಳೆಗಳ ಜೋಡಣೆಯೂ ಒಂದಿಷ್ಟು ತಡೆಯುತ್ತದೆ. ಸ್ನಾಯು ದಣಿದಷ್ಟೂ ಲಿಗಮೆಂಟ್‌ನ ಪಾಲಿನ ಹೊರೆ ಏರುತ್ತದೆ.

ಕ್ರಿಕೆಟ್ ನೋಡಿ ಬೆಳೆದ ನಮಗೆ ಈ ಗಾಯ ಅಪರಿಚಿತ ಅನ್ನಿಸಲು ಕಾರಣವಿದೆ. ಬೌಲರ್ ಮೊಣಕೈಯನ್ನು 15 ಡಿಗ್ರಿಗಿಂತ ಹೆಚ್ಚು ನೆಟ್ಟಗೆ ಮಾಡುವಂತಿಲ್ಲ. ಪಿಚರ್‌ಗೆ ಅಂಥ ನಿರ್ಬಂಧವಿಲ್ಲ, ಮೊಣಕೈ ಮಡಚಿ ಚಾಟಿಯಂತೆ ಬೀಸುವುದೇ ಅವರ ವಿದ್ಯೆ. ಹಾಗಾಗಿ ಅಲ್ಲಿ ಮೊಣಕೈ ತೆರುವ ಬೆಲೆಯನ್ನು ಇಲ್ಲಿ ಕೆಳಬೆನ್ನು ತೆರುತ್ತದೆ. ಬುಮ್ರಾ ಅವರನ್ನೂ ನಮ್ಮ ಬೆಂಗಳೂರಿನ ವೇಗಿ ಪ್ರಸಿದ್ಧ್ ಕೃಷ್ಣ ಅವರನ್ನೂ ತಿಂಗಳುಗಟ್ಟಲೆ ಹೊರಗೆ ಕೂರಿಸಿದ್ದು ಬೆನ್ನು. ಎರಡೂ ಆಟಗಳ ದಾರಿ ಕೂಡುವುದು ಭುಜದಲ್ಲಿ. ಮೈಸೂರಿನ ಜಾವಗಲ್ ಶ್ರೀನಾಥ್ 1997ರಲ್ಲಿ ರೊಟೇಟರ್ ಕಫ್ (ಭುಜದ ಕೀಲನ್ನು ಸುತ್ತುವರಿದು ಹಿಡಿದಿಡುವ ಸ್ನಾಯುಗಳ ಗುಂಪು) ಗಾಯದಿಂದ ತಿಂಗಳುಗಳ ಕಾಲ ಹೊರಗುಳಿದದ್ದು ಹಳಬರಿಗೆ ನೆನಪಿರುತ್ತದೆ. ಆ ಭುಜವನ್ನು ರಿಪೇರಿ ಮಾಡಿಸಿಕೊಂಡು ಅವರು 2003ರ ವಿಶ್ವಕಪ್ ಫೈನಲ್‌ವರೆಗೂ ಬೌಲ್ ಮಾಡಿದರು.

ವರ್ಲ್ಯಾಂಡರ್‌ಗೆ ಆದ ಶಸ್ತ್ರಚಿಕಿತ್ಸೆಗೆ ಒಬ್ಬ ಆಟಗಾರನ ಹೆಸರೇ ಅಂಟಿಕೊಂಡಿದೆ. ಲಾಸ್ ಏಂಜಲೀಸ್ ಡಾಡ್ಜರ್ಸ್‌ನ ಎಡಗೈ ಪಿಚರ್ ಟಾಮಿ ಜಾನ್ 1974ರ ಜುಲೈನಲ್ಲಿ, 13 ಗೆಲುವು 3 ಸೋಲಿನ ಭರ್ಜರಿ ಋತುವಿನ ನಡುವೆ, ಮೊಣಕೈ ಹರಿದುಕೊಂಡರು. ಅಲ್ಲಿಯವರೆಗೆ ಇದಕ್ಕೆ ಚಿಕಿತ್ಸೆಯೇ ಇರಲಿಲ್ಲ. ಡಾ. ಫ್ರಾಂಕ್ ಜೋಬ್ ಅದೇ ಸೆಪ್ಟೆಂಬರ್ 25ರಂದು ಜಾನ್‌ರ ಬಲ ಮುಂಗೈಯಿಂದ ಒಂದು ಟೆಂಡನ್ (ಸ್ನಾಯುವನ್ನು ಮೂಳೆಗೆ ಕಟ್ಟುವ ಹುರಿ) ತೆಗೆದು, ಎಡ ಮೊಣಕೈಯ ಮೂಳೆಗಳಲ್ಲಿ ರಂಧ್ರ ಕೊರೆದು, ಅದನ್ನು ಹೆಣೆದು ಕಟ್ಟಿದರು. ಮರಳಿ ಆಡುವ ಸಾಧ್ಯತೆ ನೂರಕ್ಕೆ ಒಂದು ಎಂದು ಅವರು ಮೊದಲೇ ಹೇಳಿದ್ದರು. ಜಾನ್ 1976ರಲ್ಲಿ ಮರಳಿದರು, 46ನೇ ವಯಸ್ಸಿನವರೆಗೆ ಆಡಿದರು. ಒಟ್ಟು 288 ಗೆಲುವುಗಳಲ್ಲಿ 164 ಬಂದದ್ದು ಶಸ್ತ್ರಚಿಕಿತ್ಸೆಯ ನಂತರ.

ಜೋಬ್ ಬಳಸಿದ ಆ ಟೆಂಡನ್ ನಿಮ್ಮ ಕೈಯಲ್ಲೂ ಇದೆಯೇ ಎಂದು ಈಗಲೇ ನೋಡಬಹುದು. ಹೆಬ್ಬೆರಳು ಕಿರುಬೆರಳುಗಳ ತುದಿ ಜೋಡಿಸಿ ಮಣಿಕಟ್ಟನ್ನು ಒಳಕ್ಕೆ ತುಸು ಮಡಚಿ. ಮಣಿಕಟ್ಟಿನ ನಡುವೆ ತಂತಿಯಂತೆ ಎದ್ದು ನಿಲ್ಲುವುದೇ ಪಾಲ್ಮಾರಿಸ್ ಲಾಂಗಸ್. ನೂರರಲ್ಲಿ ಹದಿನೈದರಷ್ಟು ಜನರಿಗೆ ಅದು ಹುಟ್ಟಿನಿಂದಲೇ ಇರುವುದಿಲ್ಲ, ಇಲ್ಲದಿದ್ದರೆ ಕೈಗೆ ಹೇಳಿಕೊಳ್ಳುವಂಥ ನಷ್ಟವೂ ಇಲ್ಲ. ಅದಕ್ಕೇ ಅದನ್ನು ಕಿತ್ತು ಬೇರೆಡೆ ಬಳಸಲು ವೈದ್ಯರು ಹಿಂಜರಿಯುವುದಿಲ್ಲ. ಅದು ಇಲ್ಲದವರಿಗೆ ತೊಡೆಯ ಹಿಂಭಾಗದ ಟೆಂಡನ್ ತೆಗೆಯುತ್ತಾರೆ.

ಹೀಗೆ ಕಟ್ಟಿದ ಟೆಂಡನ್ ಮೊದಲ ವಾರಗಳಲ್ಲಿ ಹೆಚ್ಚುಕಡಿಮೆ ನಿರ್ಜೀವ. ರಕ್ತ ಪೂರೈಕೆ ಕಡಿದುಹೋಗಿ ಅದರ ಜೀವಕೋಶಗಳು ಸಾಯುತ್ತವೆ, ಕೊಲಾಜೆನ್ ಎಂಬ ಪ್ರೋಟೀನಿನ ಎಳೆಗಳ ಹಂದರವಷ್ಟೇ ಉಳಿಯುತ್ತದೆ. ಸುತ್ತಲಿನ ಅಂಗಾಂಶದಿಂದ ಹೊಸ ರಕ್ತನಾಳಗಳೂ ಹೊಸ ಕೋಶಗಳೂ ಆ ಹಂದರದೊಳಗೆ ನಿಧಾನಕ್ಕೆ ನುಗ್ಗಿ, ಬೀಳುತ್ತಿರುವ ಎಳೆತದ ದಿಕ್ಕಿಗೆ ತಕ್ಕಂತೆ ಎಳೆಗಳನ್ನು ಮರುಜೋಡಿಸುತ್ತವೆ. ಟೆಂಡನ್ ಆಗಿದ್ದದ್ದು ಲಿಗಮೆಂಟ್‌ನ ಸ್ವಭಾವಕ್ಕೆ ತಿರುಗಲು ಒಂದು ವರ್ಷ, ಹಲವೊಮ್ಮೆ ಒಂದೂವರೆ ವರ್ಷ ಬೇಕು. ಅದಕ್ಕೇ ಪಿಚರ್‌ಗಳು ಇಡೀ ಋತುವನ್ನು ಕಳೆದುಕೊಳ್ಳುತ್ತಾರೆ. ಇಲ್ಲಿ ಅವಸರ ಮಾಡಿದವರಿಗೆ ಎರಡನೇ ಶಸ್ತ್ರಚಿಕಿತ್ಸೆ ಕಾದಿರುತ್ತದೆ.

ಈಗ ವಯಸ್ಸಿಗೆ ಬರೋಣ. ಕೋಪನ್‌ಹೇಗನ್‌ನ ಸಂಶೋಧಕರು 2013ರಲ್ಲಿ ಪ್ರಕಟಿಸಿದ ಒಂದು ಅಧ್ಯಯನ ಓದಿದಂದಿನಿಂದ ನನ್ನ ತಲೆಯಲ್ಲೇ ಕೂತಿದೆ. ಐವತ್ತು, ಅರವತ್ತರ ದಶಕಗಳ ಅಣುಬಾಂಬ್ ಪರೀಕ್ಷೆಗಳು ವಾತಾವರಣದಲ್ಲಿ ಕಾರ್ಬನ್-14 ಎಂಬ ವಿಕಿರಣಶೀಲ ಇಂಗಾಲದ ಪ್ರಮಾಣವನ್ನು ಒಮ್ಮೆಲೇ ಏರಿಸಿದವು, ನಂತರ ಅದು ವರ್ಷವರ್ಷವೂ ಇಳಿಯಿತು. ಊಟದ ಮೂಲಕ ಅದು ಎಲ್ಲರ ಮೈಗೂ ಸೇರಿತು. ಹಾಗಾಗಿ ಅಂಗಾಂಶದ ಒಂದು ತುಣುಕಿನಲ್ಲಿರುವ ಕಾರ್ಬನ್-14 ಅಳೆದರೆ ಅದು ಯಾವ ಕಾಲದಲ್ಲಿ ರೂಪುಗೊಂಡಿತೆಂದು ಹೇಳಬಹುದು. ಹಿಮ್ಮಡಿಯ ಅಕಿಲಿಸ್ ಟೆಂಡನ್ನಿನ ಒಳತಿರುಳನ್ನು ಹೀಗೆ ಅಳೆದಾಗ ತಿಳಿದದ್ದಿಷ್ಟು: ಅದು ಬದುಕಿನ ಮೊದಲ 17 ವರ್ಷಗಳಲ್ಲಿ ಕಟ್ಟಿಕೊಂಡದ್ದು, ಆಮೇಲೆ ಬಹುಮಟ್ಟಿಗೆ ಹೊಸತಾಗುವುದೇ ಇಲ್ಲ. ಸ್ನಾಯು ತನ್ನನ್ನು ನವೀಕರಿಸಿಕೊಳ್ಳುತ್ತಲೇ ಇರುತ್ತದೆ, ಟೆಂಡನ್ನಿನ ತಿರುಳು ಮಾತ್ರ ಹದಿಹರೆಯದ್ದೇ. ಅಕಿಲಿಸ್‌ನ ಲೆಕ್ಕವನ್ನು ಮೊಣಕೈಗೆ ಹಾಗೆಹಾಗೇ ಒಯ್ಯಲು ಬರುವುದಿಲ್ಲ. ಆದರೂ ದೇಹದ ಇಂಥ ಭಾಗಗಳಲ್ಲಿ ಸವೆತ ಯಾಕೆ ಜಮೆಯಾಗುತ್ತಲೇ ಹೋಗುತ್ತದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ಪುರಾವೆ ನಾನು ಕಂಡಿಲ್ಲ.

ಬಾಲ್ಯ ತೋಳಿನಲ್ಲಿ ಇನ್ನೊಂದು ಗುರುತನ್ನೂ ಬಿಡುತ್ತದೆ. ಮೇಲ್ದೋಳಿನ ಮೂಳೆ ಹುಟ್ಟಿನಲ್ಲಿ ಹಿಂದಕ್ಕೆ ತಿರುಚಿಕೊಂಡಿರುತ್ತದೆ, ಬೆಳೆಯುತ್ತ ಆ ತಿರುಚು ಬಿಡಿಸಿಕೊಳ್ಳುತ್ತದೆ. ಬೆಳೆಯುವ ವಯಸ್ಸಿನಲ್ಲಿ ಸಾವಿರಾರು ಸಲ ಎಸೆದವರಲ್ಲಿ ಅದು ಪೂರ್ತಿ ಬಿಡಿಸಿಕೊಳ್ಳುವುದಿಲ್ಲ. ಎಸೆಯುವ ಕೈಯ ಮೂಳೆ ಮತ್ತೊಂದು ಕೈಯದಕ್ಕಿಂತ ಹತ್ತಿಪ್ಪತ್ತು ಡಿಗ್ರಿ ಹಿಂದಕ್ಕೇ ಉಳಿಯುತ್ತದೆ. ಭುಜ ಅಷ್ಟು ಹಿಂದಕ್ಕೆ ಹೋಗುವುದು ಅದರಿಂದಲೇ. ಇಂಥ ಭುಜ ದೊಡ್ಡವರಾದ ಮೇಲೆ ಸಂಪಾದಿಸುವಂಥದ್ದಲ್ಲ.

ಇಷ್ಟೆಲ್ಲ ಎಲ್ಲ ಪಿಚರ್‌ಗಳಿಗೂ ಅನ್ವಯಿಸುತ್ತದೆ. ವರ್ಲ್ಯಾಂಡರ್ ಯಾಕೆ ಬೇರೆ? 2005ರಲ್ಲಿ ಡೆಟ್ರಾಯಿಟ್ ಟೈಗರ್ಸ್‌ಗೆ ಆಡತೊಡಗಿದ ಅವರು 2015ರವರೆಗೆ ಗಾಯಾಳುಗಳ ಪಟ್ಟಿಗೆ ಸೇರಲೇ ಇಲ್ಲ. 2011ರಲ್ಲಿ 251 ಇನಿಂಗ್ಸ್ ಎಸೆದರು, ಈಗ ಯಾರೂ ಅದರ ಹತ್ತಿರ ಸುಳಿಯುವುದಿಲ್ಲ. ಆ ದಿನಗಳಲ್ಲಿ ಅವರ ರೀತಿಯೊಂದು ಪ್ರಸಿದ್ಧವಾಗಿತ್ತು. ಪಂದ್ಯದ ಶುರುವಿನಲ್ಲಿ ಗಂಟೆಗೆ 92, 93 ಮೈಲಿಯಲ್ಲಿ ಎಸೆಯುತ್ತಿದ್ದರು. ಏಳನೆಯದೋ ಎಂಟನೆಯದೋ ಇನಿಂಗ್ಸ್‌ನಲ್ಲಿ, ಬೇಕೇಬೇಕಾದ ಹೊತ್ತಿಗೆ, 100 ಮೈಲಿ ಹೊರಬರುತ್ತಿತ್ತು. ತೋಳಿನಲ್ಲಿದ್ದ ಪೂರ್ತಿ ಬಲವನ್ನು ಪ್ರತಿ ಎಸೆತಕ್ಕೂ ಖರ್ಚು ಮಾಡುತ್ತಿರಲಿಲ್ಲ. ಅವರ ದೀರ್ಘಾಯುಷ್ಯದ ಬೇರು ಅಲ್ಲಿದೆ ಎಂಬುದು ನನ್ನ ದೃಢ ಅಭಿಪ್ರಾಯ. ಒಬ್ಬ ಮನುಷ್ಯನ ತೋಳು ಪ್ರಯೋಗಶಾಲೆಯ ಪುರಾವೆಯಾಗುವುದಿಲ್ಲ, ಅವರಂತೆಯೇ ಆಡಿ ಮೂವತ್ತಕ್ಕೇ ಮುಗಿದುಹೋದವರೂ ಇದ್ದಾರೆ. ಆದರೆ ಮೇಜರ್ ಲೀಗ್ ತಾನೇ 2024ರ ಡಿಸೆಂಬರ್‌ನಲ್ಲಿ ಹೊರತಂದ ಗಾಯಗಳ ವರದಿ ಬೊಟ್ಟು ಮಾಡಿದ್ದೂ ಇದನ್ನೇ: ವೇಗದ ಬೆನ್ನು ಹತ್ತುವುದು, ಚೆಂಡಿನ ಸುತ್ತು ಮತ್ತು ತಿರುವಿಗಾಗಿ ಒದ್ದಾಡುವುದು, ಪ್ರತಿ ಎಸೆತವನ್ನೂ ಪೂರ್ತಿ ಬಲದಿಂದ ಎಸೆಯುವುದು. ಲೀಗ್‌ನ ಪಿಚರ್‌ಗಳಲ್ಲಿ ಈಗ ಮೂವರಲ್ಲಿ ಒಬ್ಬರಾದರೂ ಟಾಮಿ ಜಾನ್ ಶಸ್ತ್ರಚಿಕಿತ್ಸೆ ಆದವರು. ಇಪ್ಪತ್ತೆರಡರ ಹುಡುಗರ ಮೊಣಕೈ ಹೀಗೆ ಸಾಲುಸಾಲಾಗಿ ಕೊಯ್ಯುವುದನ್ನು ಆಟದ ಸಹಜ ಖರ್ಚೆಂದು ಒಪ್ಪಿಕೊಂಡಿರುವುದು ನನಗೆ ನಿಜಕ್ಕೂ ನೋವು ತರುತ್ತದೆ.

39ರ ಆ ಋತುವಿನ ನಂತರದ ಗಾಯಗಳ ಪಟ್ಟಿ ಗಮನಿಸಬೇಕಾದದ್ದು. 2023ರಲ್ಲಿ ನ್ಯೂಯಾರ್ಕ್ ಮೆಟ್ಸ್ ಸೇರಿದೊಡನೆ ಭುಜದ ಹಿಂದಿನ ಟೆರೆಸ್ ಮೇಜರ್ ಸ್ನಾಯು ಸೆಳೆತ. ಆ ಆಗಸ್ಟ್‌ನಲ್ಲಿ ಮತ್ತೆ ಹ್ಯೂಸ್ಟನ್‌ಗೆ. 2024ರ ಶುರುವಿನಲ್ಲಿ ಭುಜದ ಉರಿಯೂತ, ಜೂನ್‌ನಿಂದ ಎರಡು ತಿಂಗಳು ಕತ್ತು ನೋವು. ಆ ವರ್ಷ 17 ಪಂದ್ಯ, ರನ್ ಸರಾಸರಿ 5.48, ಅವರ ಬದುಕಿನಲ್ಲೇ ಅತಿ ಕೆಟ್ಟ ಲೆಕ್ಕಗಳಲ್ಲೊಂದು. 2025ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ಜಯಂಟ್ಸ್, ಮೇ ತಿಂಗಳಲ್ಲಿ ಎದೆಯ ಸ್ನಾಯು. ಕಟ್ಟಿದ ಮೊಣಕೈ ಈ ಪಟ್ಟಿಯಲ್ಲಿಲ್ಲ. ಸುತ್ತಲಿನ ಸ್ನಾಯುಗಳು ಒಂದೊಂದಾಗಿ ದೂರು ಕೊಡುತ್ತಿವೆ.

ಇದಕ್ಕೆ ಶರೀರಶಾಸ್ತ್ರದಲ್ಲಿ ಸರಳ ವಿವರಣೆಯಿದೆ. ವಯಸ್ಸಾದಂತೆ ವೇಗವಾಗಿ ಸಂಕುಚಿಸುವ ಸ್ನಾಯು ಎಳೆಗಳು ಮೊದಲು ಕುಗ್ಗುತ್ತವೆ. ತೋಳನ್ನು ಬೀಸಲು ಬೇಕಾದದ್ದೂ, ಬೀಸಿದ ತೋಳನ್ನು ತಡೆದು ನಿಲ್ಲಿಸಲು ಬೇಕಾದದ್ದೂ ಅವೇ. ಚೆಂಡು ಕೈಬಿಟ್ಟ ಮೇಲೆ ಭುಜದ ಕೀಲನ್ನು ಕಿತ್ತುಕೊಂಡು ಹೋಗಲು ನೋಡುವ ಎಳೆತ ದೇಹದ ತೂಕದಷ್ಟೇ ಇರುತ್ತದೆ. ಆ ಬ್ರೇಕ್ ಹಾಕುವುದು ಭುಜದ ಹಿಂಬದಿಯ ಸಣ್ಣ ಸ್ನಾಯುಗಳ ಕೆಲಸ, ಹಿಗ್ಗುತ್ತಲೇ ಬಲ ಕೊಡಬೇಕಾದ ಕೆಲಸ, ಸ್ನಾಯುವಿಗೆ ಅತಿ ಹೆಚ್ಚು ಹಾನಿ ಮಾಡುವಂಥದ್ದು. ಯಾವ ನೋವೂ ಇಲ್ಲದ, ತಲೆಯ ಮೇಲಿಂದ ಕೈ ಬೀಸುವ 20 ಆಟಗಾರರ ಭುಜಗಳನ್ನು ಎಂಆರ್‌ಐ ಮಾಡಿದ ಒಂದು ಅಧ್ಯಯನದಲ್ಲಿ ಎಂಟು ಜನರ ಆಡುವ ಕೈಯ ರೊಟೇಟರ್ ಕಫ್‌ನಲ್ಲಿ ಹರಿದ ಗುರುತು ಕಂಡಿತ್ತು. ಮತ್ತೊಂದು ಕೈಯಲ್ಲಿ ಒಬ್ಬರಿಗೂ ಇರಲಿಲ್ಲ. ಅಂದರೆ ಭುಜ ಹರಿದಿದ್ದರೂ ಆಡಬಹುದು, ಹರಿದ ಎಳೆಗಳ ಕೆಲಸವನ್ನು ಉಳಿದ ಸ್ನಾಯು ಮಾಡುತ್ತಿರುವಷ್ಟು ಕಾಲ.

2025ರ ಋತು ಅವರಿಗೆ ಕ್ರೂರವಾಗಿ ಶುರುವಾಯಿತು. ಮೊದಲ 16 ಪಂದ್ಯಗಳಲ್ಲಿ ಗೆಲುವು ಸೊನ್ನೆ, ಸೋಲು ಎಂಟು. ಜುಲೈ 23ರಂದು ಅಟ್ಲಾಂಟಾದಲ್ಲಿ ಒಂದೂ ರನ್ ಕೊಡದೆ ಐದು ಇನಿಂಗ್ಸ್ ಎಸೆದು ಮೊದಲ ಗೆಲುವು ಕಂಡರು. ಕೊನೆಗೆ 4 ಗೆಲುವು, 11 ಸೋಲು. ಆದರೆ ಪಿಚರ್‌ನ ಸೋಲು ಗೆಲುವು ಅರ್ಧ ಅವರ ಬ್ಯಾಟರ್‌ಗಳ ಕೈಯಲ್ಲಿರುತ್ತದೆ, ರನ್ ಹೊಡೆದುಕೊಡದಿದ್ದರೆ ಎಷ್ಟು ಚೆನ್ನಾಗಿ ಎಸೆದರೂ ಗೆಲುವಿಲ್ಲ. ನೋಡಬೇಕಾದದ್ದು ಬೇರೆ ಅಂಕಿ: 29 ಪಂದ್ಯ, 152 ಇನಿಂಗ್ಸ್, ರನ್ ಸರಾಸರಿ 3.85. 42ರಲ್ಲಿ, ಹಿಂದಿನ ವರ್ಷದ 5.48ರಿಂದ ಇಲ್ಲಿಗೆ ಬಂದದ್ದು ಸಾಮಾನ್ಯವಲ್ಲ.

ಆ ಋತು ಮುಗಿದಾಗ ಅವರ ಒಟ್ಟು ಗೆಲುವು 266. ಬೇಸ್‌ಬಾಲ್ ಇತಿಹಾಸದಲ್ಲಿ 300 ದಾಟಿದವರು 24 ಜನ, ಕೊನೆಯವರು 2009ರಲ್ಲಿ ತಮ್ಮ 45ರಲ್ಲಿ ದಾಟಿದ ರ‍್ಯಾಂಡಿ ಜಾನ್ಸನ್. ವರ್ಲ್ಯಾಂಡರ್ ಕೂಡ 45ರವರೆಗೆ ಆಡುವ ಆಸೆಯನ್ನು ಹಿಂದಿನಿಂದಲೂ ಹೇಳಿಕೊಂಡು ಬಂದವರು. ಉಳಿದ 34 ಗೆಲುವು ಅವರಿಗೆ ಸಿಗುತ್ತದೆಂದು ನನಗನ್ನಿಸುವುದಿಲ್ಲ. ನಾನು ಕಣ್ಣಿಟ್ಟಿರುವುದು ಒಂದು ಪಂದ್ಯಕ್ಕೂ ಮುಂದಿನದಕ್ಕೂ ನಡುವಿನ ನಾಲ್ಕೈದು ದಿನಗಳ ಮೇಲೆ. ಪಿಚರ್‌ನ ಸ್ನಾಯು ಚೇತರಿಸಿಕೊಳ್ಳಬೇಕಾದದ್ದು ಆಗಲೇ. 25ರಲ್ಲಿ ಆ ಬಿಡುವು ಸಾಕಾಗಿ ಮಿಗುತ್ತಿತ್ತು. ಈಗ ಐದರ ಬದಲು ಆರು ದಿನ ಕೊಟ್ಟರೆ ಆ ತೋಳು ಇನ್ನೆಷ್ಟು ಪಂದ್ಯ ಕೊಡುತ್ತದೆ ಎಂಬ ಲೆಕ್ಕವನ್ನು ತಂಡಗಳು ಈಗಾಗಲೇ ಹಾಕುತ್ತಿರುತ್ತವೆ.