ಪುಣೆಯಲ್ಲಿ ಬ್ಲೂಬೆರಿ ಜೆಲ್ಲಿ ಗಟ್ಟಿಯಾಗಿಬಿಡುವುದೇಕೆ?

ಪ್ರಶ್ನೆ: ನಾನು ಡೊಂಬಿವಲಿಯಲ್ಲಿದ್ದೇನೆ, ಅಕ್ಕ ಪುಣೆಯ ಕೋಥರೂಡಿನಲ್ಲಿ. ಇಬ್ಬರೂ ಒಂದೇ ಅಳತೆಯಲ್ಲಿ ಬ್ಲೂಬೆರಿ ಜೆಲ್ಲಿ ಮಾಡಿದೆವು, ಥರ್ಮಾಮೀಟರ್ 105 ಡಿಗ್ರಿ ತೋರಿಸಿದಾಗ ಒಲೆ ಆರಿಸಿದೆವು. ನನ್ನದು ಚೆನ್ನಾಗಿ ಕೂತಿತು. ಅಕ್ಕನದು ಚಮಚ ಇಳಿಯದಷ್ಟು ಗಟ್ಟಿ, ಮೇಲೆ ಸಕ್ಕರೆ ಹರಳು. ತಪ್ಪೆಲ್ಲಿ?

ಉತ್ತರ: ನಿಮ್ಮ ಅಕ್ಕ ಏನೂ ತಪ್ಪು ಮಾಡಿಲ್ಲ. ಆ 105 ಸಮುದ್ರಮಟ್ಟದ ಊರುಗಳ ಲೆಕ್ಕ. ಡೊಂಬಿವಲಿಗೆ ಅದು ಸರಿ, ಪುಣೆಗೆ ಅಲ್ಲ.

ರಸ ಮತ್ತು ಸಕ್ಕರೆ ಕುದಿದು ನೀರು ಆವಿಯಾದ ಹಾಗೆಲ್ಲ ಪಾಕದ ಕುದಿಬಿಂದು ಏರುತ್ತ ಹೋಗುತ್ತದೆ. ಸಕ್ಕರೆಯ ಅಂಶ ಶೇ 65ರ ಆಸುಪಾಸಿಗೆ ಬಂದಾಗ ಜೆಲ್ಲಿಯ ಹದ. ಆಗ ಪಾಕದ ಬಿಸಿ, ನಿಮ್ಮೂರಿನಲ್ಲಿ ನೀರು ಕುದಿಯುವ ಬಿಸಿಗಿಂತ ನಾಲ್ಕು, ನಾಲ್ಕೂವರೆ ಡಿಗ್ರಿ ಹೆಚ್ಚಿರುತ್ತದೆ. ಪುಣೆ ಇರುವುದು ಸುಮಾರು 560 ಮೀಟರ್ ಎತ್ತರದಲ್ಲಿ. ಅಲ್ಲಿ ನೀರು 98 ಡಿಗ್ರಿಗೇ ಕುದಿಯುತ್ತದೆ. ಅಂದರೆ ಅಕ್ಕ 102, 102.5ಕ್ಕೆ ಒಲೆ ಆರಿಸಬೇಕಿತ್ತು. 105ರವರೆಗೆ ಕಾದದ್ದರಿಂದ ಸಕ್ಕರೆ ಶೇ 70 ದಾಟಿತು, ಹರಳುಗಟ್ಟಿತು.

ಹಾಗಾಗಿ ಜೆಲ್ಲಿಗೆ ಕೂರುವ ಮುನ್ನ ಬರೀ ನೀರು ಕುದಿಸಿ ಥರ್ಮಾಮೀಟರ್ ಅದ್ದಿ ನೋಡಿ. ಬಂದ ಅಂಕಿಗೆ ನಾಲ್ಕೂವರೆ ಕೂಡಿಸಿ. ಥರ್ಮಾಮೀಟರಿನಲ್ಲೇ ಒಂದೆರಡು ಡಿಗ್ರಿ ಹೆಚ್ಚುಕಡಿಮೆ ಇದ್ದರೆ ಅದೂ ಇದರಲ್ಲೇ ಸರಿಹೋಗುತ್ತದೆ. ಥರ್ಮಾಮೀಟರ್ ಇಲ್ಲದಿದ್ದರೆ ಚಮಚದಲ್ಲಿ ಪಾಕ ಎತ್ತಿ ಅಡ್ಡಡ್ಡ ವಾಲಿಸಿ. ಮೊದಮೊದಲು ಹನಿಗಳು ಬಿಡಿಬಿಡಿಯಾಗಿ ಬೀಳುತ್ತವೆ. ಹದ ಬಂದಾಗ ಅಂಚಿನಲ್ಲಿ ಎರಡು ಹನಿ ನಿಧಾನಕ್ಕೆ ಒಂದನ್ನೊಂದು ಸೇರಿ, ತೆಳು ಪದರವಾಗಿ ಜಾರುತ್ತವೆ. ಉಂಡೆಗೆ ಎಳೆಪಾಕ ನೋಡಿ ಪಳಗಿದ ಕೈಗೆ ಇದು ಎರಡನೇ ಸಲಕ್ಕೇ ಒಲಿಯುತ್ತದೆ, ಮತ್ತು ಯಾವ ಎತ್ತರದಲ್ಲೂ ಸುಳ್ಳು ಹೇಳುವುದಿಲ್ಲ.

ಅಕ್ಕನ ತೊಂದರೆಯ ತದ್ವಿರುದ್ಧ ದೂರೂ ಅಷ್ಟೇ ಬರುತ್ತದೆ: ಎಷ್ಟು ಕುದಿಸಿದರೂ ಪಾನಕದ ಹಾಗೇ ಉಳಿಯಿತು ಎಂದು. ಅದಕ್ಕೆ ಕಾರಣ ಪೆಕ್ಟಿನ್ (ಹಣ್ಣಿನಲ್ಲೇ ಇರುವ, ಜೆಲ್ಲಿಯನ್ನು ಗಟ್ಟಿಗೊಳಿಸುವ ಅಂಶ) ಮತ್ತು ಹುಳಿ ಸಾಲದಿರುವುದು. ಪೂರ್ತಿ ಮಾಗಿದ ಬ್ಲೂಬೆರಿಯ ಪೆಕ್ಟಿನ್ ಮೇಲೆ ಭರವಸೆ ಇಡಲಾಗದು. ಮುಕ್ಕಾಲು ಕಿಲೋ ಬ್ಲೂಬೆರಿಗೆ ಕಾಲು ಕಿಲೋ ಹುಳಿ ಹಸಿರು ಸೇಬನ್ನು ಸಿಪ್ಪೆ, ಬೀಜದ ಸಮೇತ ಹೆಚ್ಚಿ ಹಾಕಿ ಬೇಯಿಸಿ. ದೋರೆ ಪೇರಲದಲ್ಲೂ ಪೆಕ್ಟಿನ್ ಧಾರಾಳ, ಆದರೆ ಅದರ ಘಮ ಬ್ಲೂಬೆರಿಯನ್ನು ನುಂಗಿಬಿಡುತ್ತದೆ; ನನ್ನ ಆಯ್ಕೆ ಸೇಬೇ. ಒಂದು ಬಟ್ಟಲು ರಸಕ್ಕೆ ಒಂದೂವರೆ ಟೀ ಚಮಚ ನಿಂಬೆರಸ ಬೇಕು. ಅದು ಬಿದ್ದೊಡನೆ ಮಂಕು ನೇರಳೆ ಬಣ್ಣ ಕೆಂಪಿಗೆ ತಿರುಗುವುದನ್ನು ನೋಡುವುದೇ ಒಂದು ಖುಷಿ. ಸಕ್ಕರೆ ಮುಕ್ಕಾಲು ಬಟ್ಟಲಿಗಿಂತ ಕಡಿಮೆ ಮಾಡಬೇಡಿ; ಜೆಲ್ಲಿ ಕೂರುವುದೂ ಕೆಡದೆ ಉಳಿಯುವುದೂ ಅದರಿಂದಲೇ. ಬಟ್ಟೆಯಲ್ಲಿ ಸೋಸುವಾಗ ಹಿಂಡಿದರೆ ರಸ ಕದಡುತ್ತದೆ, ತಾನಾಗಿ ತೊಟ್ಟಿಕ್ಕಲಿ. ಹಣ್ಣು ದುಬಾರಿಯಾದರೆ ಫ್ರೋಜನ್ ತನ್ನಿ, ರಸ ಇನ್ನೂ ಸಲೀಸಾಗಿ ಬಿಡುತ್ತದೆ.

ಶೇಖರಿಸುವಾಗ ಮತ್ತೆ ಎತ್ತರದ ಲೆಕ್ಕ ಬರುತ್ತದೆ. ಗಾಜಿನ ಬಾಟಲಿಗಳನ್ನು ಮೊದಲೇ ಹತ್ತು ನಿಮಿಷ ಕುದಿಸಿಟ್ಟು, ಜೆಲ್ಲಿ ಸುಡುಬಿಸಿ ಇರುವಾಗಲೇ ತುಂಬಿ, ಬಾಯಿಂದ ಕಾಲಂಗುಲ ಬಿಟ್ಟು ಹೊಸ ಮುಚ್ಚಳ ಹಾಕಿ. ಆಮೇಲೆ ಮುಚ್ಚಳದ ಮೇಲೆ ಒಂದಂಗುಲ ನೀರು ನಿಲ್ಲುವಂತೆ ಮುಳುಗಿಸಿ ಕುದಿಸಬೇಕು: ಮುಂಬಯಿ, ಪಣಜಿಯಂಥ ಕಡಲೂರಲ್ಲಿ ಐದು ನಿಮಿಷ, ಪುಣೆಯಲ್ಲಿ ಹತ್ತು. ಪಾತ್ರೆಯ ತಳಕ್ಕೆ ಬಟ್ಟೆ ಹಾಸಿ. ಮೇಣ ಸುರಿಯುವುದು, ಬಾಟಲಿ ಬೋರಲು ಹಾಕುವುದು ಇದಕ್ಕೆ ಬದಲಿಯಲ್ಲ. ಆರಿದ ಮೇಲೆ ಮುಚ್ಚಳದ ನಡು ತಗ್ಗಾಗಿರಬೇಕು, ಒತ್ತಿದರೆ ಟಕ್ ಎನ್ನಬಾರದು. ಟಕ್ ಎಂದರೆ ಆ ಬಾಟಲಿ ನೇರ ಫ್ರಿಜ್ಜಿಗೆ.

ಸರಿಯಾಗಿ ಮುಚ್ಚಿಕೊಂಡದ್ದು ತಂಪು, ಕತ್ತಲ ಜಾಗದಲ್ಲಿ ಒಂದು ವರ್ಷ ಇರುತ್ತದೆ. ತೆರೆದದ್ದನ್ನು ಫ್ರಿಜ್ಜಿನಲ್ಲಿಟ್ಟು ತಿಂಗಳೊಳಗೆ ಮುಗಿಸಿ; ಮುಂಬಯಿಯ ಜುಲೈ ತಿಂಗಳ ತೇವದಲ್ಲಿ ಒದ್ದೆ ಚಮಚ ಒಮ್ಮೆ ಅದ್ದಿದರೂ ಬೂಷ್ಟು ಹಿಡಿಯಬಹುದು. ಹಿಡಿದರೆ ಮೇಲಿನದಷ್ಟೇ ಕೆರೆದು ತಿನ್ನಬೇಡಿ. ಅದರ ವಿಷ ಕಣ್ಣಿಗೆ ಕಾಣದೆ ಕೆಳಗೂ ಇಳಿದಿರಬಹುದು. ಎಷ್ಟು ದುಬಾರಿ ಹಣ್ಣಿನದಾದರೂ ಪೂರ್ತಿ ಎಸೆಯಿರಿ.