ಟೋಕೇ ಹಲ್ಲಿ: ಅಂಟಿದ ಕಾಲು ಬಿಡುವುದು ಹೇಗೆ?

ಕಾಲಿನ ವಿಷಯಕ್ಕೆ ಜಾಸ್ತಿ ಜಾಗ ಬೇಕು. ಹಾಗಾಗಿ ಉಳಿದದ್ದನ್ನು ಬೇಗ ಬರೆದುಬಿಡುತ್ತೇನೆ. ಟೋಕೇ ಹಲ್ಲಿಯ ವೈಜ್ಞಾನಿಕ ಹೆಸರು ಗೆಕ್ಕೊ ಗೆಕ್ಕೊ. ಈಶಾನ್ಯ ಭಾರತ, ಬಾಂಗ್ಲಾದೇಶದಿಂದ ಹಿಡಿದು ಇಂಡೊನೇಷ್ಯಾ, ಫಿಲಿಪ್ಪೀನ್ಸ್‌ವರೆಗೂ ಇದೆ. ಸುಮಾರು ಒಂದು ಅಡಿ ಉದ್ದ, ಬೂದು-ನೀಲಿ ಮೈ, ಮೈತುಂಬ ಕಿತ್ತಳೆ ಚುಕ್ಕೆ. ರಾತ್ರಿ ಬೇಟೆಯಾಡುತ್ತದೆ. ಮೊಟ್ಟೆಗಳನ್ನು ಮರಕ್ಕೋ ಗೋಡೆಗೋ ಅಂಟಿಸಿ ಕಾವಲು ಕಾಯುತ್ತದೆ.

ಈಗ ಕಾಲು. ಬೆರಳಡಿ ಅಂಟು ಇಲ್ಲ. ಗಾಳಿ ಹೀರಿ ಹಿಡಿಯುವ ಬಟ್ಟಲೂ ಇಲ್ಲ. ಇರುವುದು ಸೂಕ್ಷ್ಮ ರೋಮಗಳು, ಪಾದಕ್ಕೆ ಸುಮಾರು 5 ಲಕ್ಷ. ಪ್ರತಿ ರೋಮದ ತುದಿ ನೂರಾರು ಕವಲು ಒಡೆದಿರುತ್ತದೆ. ಕವಲಿನ ಚಪ್ಪಟೆ ತುದಿ ಸುಮಾರು 200 ನ್ಯಾನೊಮೀಟರ್ ಅಗಲ (ಒಂದು ನ್ಯಾನೊಮೀಟರ್ ಎಂದರೆ ಮಿಲಿಮೀಟರಿನ ಹತ್ತು ಲಕ್ಷದಲ್ಲಿ ಒಂದು ಭಾಗ). ಅದು ಗೋಡೆಗೆ ತೀರಾ ಹತ್ತಿರ ಹೋದಾಗ ಅಣುಗಳ ನಡುವೆ ವಾನ್ ಡರ್ ವಾಲ್ಸ್ ಸೆಳೆತ ಹುಟ್ಟುತ್ತದೆ. ಒಂದೊಂದೂ ದುರ್ಬಲ, ಕೋಟಿಗಟ್ಟಲೆ ಸೇರಿದರೆ ಭಾರಿ ಬಲ. ತೇವದಿಂದ ಅಂಟುತ್ತದೆ ಎಂಬ ವಾದವೂ ಇತ್ತು. ಆದರೆ ನೀರನ್ನು ದೂರ ತಳ್ಳುವ ಮೇಲ್ಮೈಗೂ ಅಷ್ಟೇ ಚೆನ್ನಾಗಿ ಅಂಟುತ್ತದೆ ಎಂದು ವಿಜ್ಞಾನಿ ಕೆಲ್ಲರ್ ಆಟಮ್ ಅವರ ತಂಡ 2002ರಲ್ಲಿ ತೋರಿಸಿತು.

ಇಲ್ಲಿಯವರೆಗೆ ಸರಿ. ಇಷ್ಟು ಗಟ್ಟಿ ಅಂಟಿದ ಕಾಲು ಓಡುವಾಗ ಕ್ಷಣದಲ್ಲಿ ಬಿಡುವುದು ಹೇಗೆ? ನಾನು ಸಿಕ್ಕಿಹಾಕಿಕೊಂಡದ್ದು ಇಲ್ಲೇ. ಬಲ ಕಡಿಮೆಯಾಗುವುದಿಲ್ಲ, ಕೋನ ಬದಲಾಗುತ್ತದೆ. ಅಂಟಬೇಕಾದಾಗ ಮೊದಲು ಪಾದವನ್ನು ಸ್ವಲ್ಪ ಒತ್ತಬೇಕು. ಆಮೇಲೆ ಗೋಡೆಯ ಗುಂಟ ಮೈ ಕಡೆಗೆ ಒಂಚೂರು ಎಳೆಯಬೇಕು. ಆಗಲೇ ತುದಿಗಳು ಚಪ್ಪಟೆಯಾಗಿ ಕೂರುತ್ತವೆ. ಸುಮ್ನೆ ಒತ್ತಿದರೆ ಸಾಲದು. ಬಿಡಬೇಕಾದಾಗ ಬೆರಳ ತುದಿಯನ್ನು ಮೇಲಕ್ಕೆ ಸುರುಳಿ ಸುತ್ತುತ್ತದೆ, ನಮ್ಮ ಬೆರಳು ಮಡಚುವುದಕ್ಕೆ ಪೂರ್ತಿ ಉಲ್ಟಾ. ರೋಮಕ್ಕೂ ಗೋಡೆಗೂ ನಡುವಿನ ಕೋನ ಸುಮಾರು 30 ಡಿಗ್ರಿ ದಾಟಿತೋ, ರೋಮ ಕಳಚಿಕೊಂಡಿತು. ಅಂಚಿನಿಂದ ಟೇಪ್ ಸುಲಿದ ಹಾಗೆ ಸಾಲು ಸಾಲಾಗಿ ಬಿಡುತ್ತವೆ, ಎಲ್ಲವನ್ನೂ ಒಟ್ಟಿಗೆ ಕೀಳಬೇಕಿಲ್ಲ. ನೆನಪಿಗೆ ಇಷ್ಟು ಸಾಕು: ಗುಂಟ ಎಳೆದರೆ ಹಿಡಿತ, ಎತ್ತಿದರೆ ಬಿಡುಗಡೆ. ಚಾವಣಿಯಲ್ಲಿ ಕಾಲುಗಳನ್ನು ಒಳಮುಖವಾಗಿ ಎಳೆದುಕೊಂಡಿರುವುದೂ ಇದಕ್ಕೇ ಅಲ್ವಾ!

ನಂಬಿಕೆಗಳಿಗೆ ಬಂದರೆ, ಗಂಡು ಹಲ್ಲಿ ಹೆಣ್ಣನ್ನು ಕರೆಯಲು, ಜಾಗ ಕಾಯಲು 'ಟೋ-ಕೇ' ಎಂದು ಸಾಲಾಗಿ ಕೂಗುತ್ತದೆ. ಸಾಲಾಗಿ ಕೂಗುವುದರಿಂದಲೇ ಎಣಿಸಲು ಸುಲಭ. ಬಾಲಿಯಲ್ಲಿ ಏಳು ಕೂಗು ಕೇಳಿದರೆ ಅದೃಷ್ಟ ಎನ್ನುತ್ತಾರೆ. ಥಾಯ್ಲೆಂಡ್‌ನಲ್ಲಿ ಹಸಿರು ಹಾವೊಂದು ಬಂದು ಇದರ ಯಕೃತ್ತು ತಿನ್ನುತ್ತದೆ ಎಂಬ ಮಾತಿದೆ. ಯಕೃತ್ತಿನ ಕಥೆ ಏನೇ ಇರಲಿ, ಆ ಹಾವು ಟೋಕೇಯನ್ನು ಬೇಟೆಯಾಡುವುದು ನಿಜ.

ನನಗೆ ನೋವು ತರುವ ನಂಬಿಕೆ ಔಷಧದ್ದು. ಚೀನೀ ಸಾಂಪ್ರದಾಯಿಕ ವೈದ್ಯದಲ್ಲಿ ಒಣಗಿಸಿದ ಟೋಕೇಯನ್ನು ಕೆಮ್ಮು, ಉಬ್ಬಸಕ್ಕೆ ಕೊಡುತ್ತಾರೆ. ಆಮೇಲೆ ಏಡ್ಸ್ ಕೂಡ ವಾಸಿಯಾಗುತ್ತದೆ ಎಂಬ ಸುಳ್ಳು ಹಬ್ಬಿತು. ಇದಕ್ಕೆ ಆಧಾರವಿಲ್ಲ ಎಂದು ಫಿಲಿಪ್ಪೀನ್ಸ್ ಆರೋಗ್ಯ ಇಲಾಖೆ 2011ರಲ್ಲೇ ಎಚ್ಚರಿಸಿತು. 2019ರಲ್ಲಿ, ಅಪಾಯದಲ್ಲಿರುವ ಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರವನ್ನು ನಿಯಂತ್ರಿಸುವ ಸೈಟಿಸ್ ಒಪ್ಪಂದದ ಎರಡನೇ ಅನುಬಂಧಕ್ಕೆ ಈ ಹಲ್ಲಿ ಸೇರಿತು. ಈಗ ಗಡಿ ದಾಟಿಸಿ ಮಾರಲು ಪರವಾನಗಿ ಬೇಕು.