ಟೆಂಡರ್ ಪೆಟ್ಟಿಗೆ ಹೋಯಿತು, ಬೀಗದ ಕೈ ಯಾರ ಹತ್ತಿರ ಇದೆ?

ಇ-ಟೆಂಡರ್, ಅಂದರೆ ಸರ್ಕಾರಿ ಕೆಲಸಕ್ಕೆ ಆನ್‌ಲೈನಿನಲ್ಲೇ ದರ ಹಾಕೋ ಪದ್ಧತಿ, ಬಂದ ಮೇಲೆ ಎಲ್ಲ ಗುತ್ತಿಗೆದಾರರಿಗೂ ಸಮಾನ ಅವಕಾಶ ಸಿಕ್ಕಿತು ಅಂತ ಹೇಳುವವರು ಬಹಳ. ಅರ್ಧ ನಿಜ. ಉಳಿದರ್ಧ ಅರ್ಥವಾಗಬೇಕಾದರೆ ಮೊದಲು ಏನಿತ್ತು ಅಂತ ನೋಡಬೇಕು.

ಮೊದಲು ಇದ್ದದ್ದು ಕಚೇರಿಯ ಟೆಂಡರ್ ಪೆಟ್ಟಿಗೆ. ಫಾರಂ ಕೊಂಡು, ದರ ಬರೆದು, ಕವರಿಗೆ ಸೀಲ್ ಹಾಕಿ, ಕೊನೇ ದಿನದೊಳಗೆ ಪೆಟ್ಟಿಗೆಗೆ ಹಾಕಬೇಕಿತ್ತು. ಫಾರಂ ಕೊಂಡವರು ಯಾರ‍್ಯಾರು ಅನ್ನೋದು ಗುಟ್ಟಾಗಿ ಉಳಿಯುತ್ತಿರಲಿಲ್ಲ. ಹಾಗಾಗಿ ಈ ಸಲ ನಿನಗೆ, ಮುಂದಿನ ಸಲ ನನಗೆ ಅಂತ ರಿಂಗ್ ಮಾಡಿಕೊಳ್ಳೋದು ಸುಲಭ. ಒಪ್ಪದವನಿಗೆ ಫಾರಂ ಖಾಲಿ ಅನ್ನೋದು, ಅದಕ್ಕೂ ಬಗ್ಗದಿದ್ದರೆ ಪೆಟ್ಟಿಗೆ ಹತ್ತಿರವೇ ಬಿಡದಿರೋದು, ಇವೆಲ್ಲ ನಡೆಯುತ್ತಿದ್ದವು.

ಕಾನೂನು ನಿಧಾನವಾಗಿ ಬಂತು. ಟೆಂಡರಿನಲ್ಲಿ ತಾನೇ ಹಾಕಿದ ಅರ್ಹತೆಯ ಷರತ್ತನ್ನು ಸರ್ಕಾರಿ ಸಂಸ್ಥೆ ತನಗೆ ಬೇಕಾದವರಿಗಾಗಿ ಸಡಿಲಿಸುವಂತಿಲ್ಲ ಅಂತ ಸುಪ್ರೀಂ ಕೋರ್ಟ್ 1979ರಲ್ಲೇ ರಮಣ ದಯಾರಾಂ ಶೆಟ್ಟಿ ಪ್ರಕರಣದಲ್ಲಿ ಹೇಳಿತ್ತು. 1998ರಲ್ಲಿ ತಮಿಳುನಾಡು ಟೆಂಡರಿಗೆಂದೇ ಒಂದು ಕಾಯ್ದೆ ಮಾಡಿತು. ಮರುವರ್ಷ ಸರ್ಕಾರಿ ಖರೀದಿ, ಕಾಮಗಾರಿಗಳಿಗೆಂದು ಕರ್ನಾಟಕದ ಪಾರದರ್ಶಕತೆ ಕಾಯ್ದೆ ಬಂತು, ಎಲ್ಲರ ಬಾಯಲ್ಲೂ ಅದು ಕೆಟಿಪಿಪಿ. 2 ಕೋಟಿ ರೂಪಾಯಿವರೆಗಿನ ಟೆಂಡರಿಗೆ ಕನಿಷ್ಠ 30 ದಿನ, ಅದಕ್ಕಿಂತ ದೊಡ್ಡದಕ್ಕೆ 60 ದಿನ ಸಮಯ ಕೊಡಬೇಕು ಅಂತ ಮೊದಲ ನಿಯಮಗಳಲ್ಲಿತ್ತು. ಸಣ್ಣ ಗುತ್ತಿಗೆದಾರನಿಗೆ ಈ ದಿನಗಳು ಬಹಳ ಮುಖ್ಯ. ಮೊದಲೇ ಸುಳಿವು ಸಿಕ್ಕವನಿಗೆ ವಾರ ಸಾಕು, ಪ್ರಕಟಣೆ ನೋಡಿ ಹೊರಡುವವನಿಗೆ ಸಾಲದು, ಅಲ್ವಾ?

2000ದ ಐಟಿ ಕಾಯ್ದೆ ಡಿಜಿಟಲ್ ಸಹಿಗೆ ಮಾನ್ಯತೆ ಕೊಟ್ಟಿತು. 2003ರಲ್ಲಿ ಆಂಧ್ರಪ್ರದೇಶ ಟೆಂಡರನ್ನು ಆನ್‌ಲೈನಿಗೆ ತಂದಿತು, 2007ರ ಹೊತ್ತಿಗೆ ಕರ್ನಾಟಕದ ಪೋರ್ಟಲ್ ಶುರುವಾಯಿತು. ಪೆಟ್ಟಿಗೆ ಮುಂದೆ ಅಡ್ಡಗಟ್ಟುವ ಕಾಲ ಮುಗಿಯಿತು. ಇದು ದೊಡ್ಡ ಗೆಲುವೇ.

ಆದರೆ ಕವರಿನ ಸೀಲ್ ಈಗ ಎಲ್ಲಿದೆ? ನಾವು ಹಾಕಿದ ದರ ಗೂಢಲಿಪಿಯಾಗಿ ಸರ್ವರಿನಲ್ಲಿ ಕೂತಿರುತ್ತದೆ. ಸಾಮಾನ್ಯವಾಗಿ ಅದಕ್ಕೆ ಬೀಗ ಹಾಕೋದು ಟೆಂಡರ್ ತೆರೆಯುವ ಅಧಿಕಾರಿಯ ಡಿಜಿಟಲ್ ಕೀಯಿಂದ. ಅಂದರೆ ಬೀಗ ತೆಗೆಯುವ ಕೈ ಇಲಾಖೆಯವರ ಹತ್ತಿರವೇ ಇದೆ. ಆ ಕೀ ಬೇರೆಯವರ ಕೈಗೆ ಹೋದರೆ, ಅಥವಾ ಸರ್ವರ್ ನೋಡಿಕೊಳ್ಳುವವರೇ ಒಳಗಿಂದ ಕೈ ಆಡಿಸಿದರೆ, ಯಾರೆಷ್ಟು ಹಾಕಿದ್ದಾರೆ ಅಂತ ಗಡುವಿಗೆ ಮುಂಚೆಯೇ ತಿಳಿಯಬಹುದು. ಕಾಗದದ ಕವರ್ ಹರಿದರೆ ಕಣ್ಣಿಗೆ ಕಾಣುತ್ತಿತ್ತು, ಇದು ಕಾಣೋದಿಲ್ಲ. ಸಾಫ್ಟ್‌ವೇರ್‌ನಂಥವುಗಳ ಗುಣಮಟ್ಟ ಪರೀಕ್ಷಿಸುವ ಕೇಂದ್ರದ ಎಸ್‌ಟಿಕ್ಯೂಸಿ ಸಂಸ್ಥೆ 2011ರ ಮಾರ್ಗಸೂಚಿಯಲ್ಲೇ ಈ ಅಪಾಯಗಳ ಬಗ್ಗೆ ಎಚ್ಚರಿಸಿತ್ತು. ಬಿಡ್‌ದಾರ, ಅಂದರೆ ಟೆಂಡರ್ ಹಾಕಿದವನು, ತನ್ನದೇ ಗುಪ್ತಪದದಿಂದ ಬೀಗ ಹಾಕಿ, ಎಲ್ಲರೂ ಆನ್‌ಲೈನಿನಲ್ಲಿ ನೋಡುತ್ತಿರುವಾಗ ತಾನೇ ತೆಗೆಯುವ ದಾರಿಯೂ ಇದೆ. ನನ್ನ ಮಟ್ಟಿಗೆ ಅದೇ ಸರಿಯಾದ ದಾರಿ.

ಎಚ್ಚರಿಕೆ ಸುಮ್ನೆ ಕೊಟ್ಟದ್ದಲ್ಲ ಅಂತ 2018ರಲ್ಲಿ ಗೊತ್ತಾಯಿತು. ಮಧ್ಯಪ್ರದೇಶದ ಪೋರ್ಟಲಿನಲ್ಲಿ ಜಲ ನಿಗಮದ ಟೆಂಡರುಗಳ ದರವನ್ನೇ ತಿದ್ದಿದ್ದಾರೆ ಅನ್ನೋ ಆರೋಪ ಬಂತು. 2019ರ ಏಪ್ರಿಲ್‌ನಲ್ಲಿ ಅಲ್ಲಿನ ಆರ್ಥಿಕ ಅಪರಾಧ ದಳ 9 ಟೆಂಡರುಗಳ ಬಗ್ಗೆ, ಸುಮಾರು 3,000 ಕೋಟಿ ರೂಪಾಯಿ ಮೊತ್ತದ ಪ್ರಕರಣ ದಾಖಲಿಸಿತು. ಅದೇ ವರ್ಷ ಕರ್ನಾಟಕದ ಪೋರ್ಟಲಿಗೂ ಹ್ಯಾಕರ್‌ಗಳು ನುಗ್ಗಿದರು. ಇಎಂಡಿ ಖಾತೆಯಿಂದ, ಅಂದರೆ ಗುತ್ತಿಗೆದಾರರು ಕಟ್ಟಿದ್ದ ಠೇವಣಿ ಹಣದಿಂದ, 11.5 ಕೋಟಿ ರೂಪಾಯಿ ಹೋಯಿತು.

ಇದೆಲ್ಲ ಸುದ್ದಿಯಾದದ್ದು. ಸುದ್ದಿಯಾಗದ ಅನ್ಯಾಯ ಇನ್ನೂ ಜಾಸ್ತಿ. ಕೊನೇ ಗಂಟೆಯಲ್ಲಿ ಸರ್ವರ್ ತಿರುಗುತ್ತಾ ನಿಂತರೆ ನಷ್ಟ ಬಿಡ್‌ದಾರನದು, ಮೊದಲೇ ಹಾಕಬೇಕಿತ್ತು ಅಂತ ಬುದ್ಧಿಮಾತು ಬೇರೆ. ಸಣ್ಣ ಸಣ್ಣ ಕಾಮಗಾರಿಗಳನ್ನು ಸೇರಿಸಿ ಪ್ಯಾಕೇಜ್ ಮಾಡಿ, ಅದಕ್ಕೆ ತಕ್ಕಷ್ಟು ದೊಡ್ಡ ವಹಿವಾಟು ಇರಬೇಕು ಅಂತ ಷರತ್ತು ಹಾಕಿದರೆ ಊರಿನ ಗುತ್ತಿಗೆದಾರರು ಬಾಗಿಲಲ್ಲೇ ಉಳಿಯುತ್ತಾರೆ. ಇನ್ನು ಟೆಕ್ನಿಕಲ್ ಬಿಡ್, ಅಂದರೆ ದರಕ್ಕೆ ಮೊದಲು ನೋಡುವ ಅರ್ಹತೆಯ ದಾಖಲೆಗಳು. ಒಂದು ಪ್ರಮಾಣಪತ್ರ ಸರಿಯಿಲ್ಲ ಅಂತ ಹೊರಗೆ ಹಾಕಿದರೆ ಅವನ ದರದ ಕವರನ್ನು ತೆರೆಯೋದೇ ಇಲ್ಲ, ಅದೇ ತಪ್ಪು ಇನ್ನೊಬ್ಬನ ಕಡತದಲ್ಲಿದ್ದರೆ ಸ್ಪಷ್ಟನೆ ಕೇಳಿ ಒಳಗೆ ಬಿಟ್ಟುಕೊಳ್ಳುತ್ತಾರೆ. ಪೋರ್ಟಲ್ ಎಷ್ಟೇ ಚೆನ್ನಾಗಿರಲಿ, ಈ ತೀರ್ಮಾನ ಮಾಡೋದು ಕುರ್ಚಿಯಲ್ಲಿ ಕೂತ ಮನುಷ್ಯ.

ಸೋತವನಿಗೆ ಕೆಟಿಪಿಪಿಯ 16ನೇ ಸೆಕ್ಷನ್ ಮೇಲ್ಮನವಿಯ ಹಕ್ಕು ಕೊಟ್ಟಿದೆ, ಆದೇಶ ಕೈಸೇರಿದ 30 ದಿನದೊಳಗೆ. ಆದರೆ ಯಾಕೆ ತಿರಸ್ಕರಿಸಿದರು ಅಂತ ವಿವರವಾಗಿ ತಿಳಿಯದೆ ಏನಂತ ಬರೆಯೋದು? 'ಅರ್ಹತೆ ಇಲ್ಲ' ಅನ್ನೋ ಎರಡು ಪದ ಕಾರಣವಾಗೋದಿಲ್ಲ. ಯಾವ ಷರತ್ತು, ಯಾವ ದಾಖಲೆ, ಗೆದ್ದವನು ಅದೇ ಷರತ್ತನ್ನು ಹೇಗೆ ಪೂರೈಸಿದ ಅನ್ನೋದು ಆದೇಶದಲ್ಲೇ ಇರಬೇಕು. ಅದರ ಜೊತೆಗೆ, ಯಾರ ಲಾಗಿನ್‌ನಿಂದ ಯಾವ ಹೊತ್ತಿಗೆ ಯಾವ ಕಡತ ತೆರೆಯಿತು ಅನ್ನೋ ಸರ್ವರ್ ಲಾಗ್ ಕೂಡ ಮೇಲ್ಮನವಿಯ ಗಡುವು ಮುಗಿಯುವ ಮುಂಚೆಯೇ ಬಿಡ್‌ದಾರನ ಕೈಗೆ ಸಿಗಬೇಕು.